ಜೇಮ್ಸ್ ಕಸಿನ್ಸ್ ಗೊತ್ತು, ಮಾರ್ಗರೆಟ್ ಕಸಿನ್ಸ್ ಗೊತ್ತಾ?

ನಮ್ಮ ಸಂಘದಲ್ಲಿ ಕುವೆಂಪು ಬಗ್ಗೆ ಭಾಷಣ ಸ್ಪರ್ಧೆ ಇಟ್ಟರೆ ಒಂದು ಕಥೆ ಬಂದೇ ಬರುತ್ತೆ. ಹತ್ತು ಜನ ಮಾತಾಡಿದರೆ ಏಳು ಜನ ಅದನ್ನೇ ಹೇಳ್ತಾರೆ. ಮೈಸೂರಿನಲ್ಲಿ ಓದುತ್ತಿದ್ದ ಮಲೆನಾಡಿನ ಹುಡುಗ ಪುಟ್ಟಪ್ಪ ಇಂಗ್ಲಿಷಿನಲ್ಲಿ ಪದ್ಯ ಬರೀತಿದ್ದ. 1924ರಲ್ಲಿ ಮೈಸೂರಿಗೆ ಬಂದಿದ್ದ ಐರಿಷ್ ಕವಿ ಜೇಮ್ಸ್ ಕಸಿನ್ಸ್ ಅವರಿಗೆ ಅದನ್ನು ತೋರಿಸಿದ. ಅವರು ಓದಿ, ನಿನ್ನ ಭಾಷೆಯಲ್ಲಿ ಏನು ಬರೆದಿದ್ದೀಯ ಅಂತ ಕೇಳಿದರು, ಕನ್ನಡದಲ್ಲೇ ಬರೆ ಅಂದರು. ಅಲ್ಲಿಂದ ಪುಟ್ಟಪ್ಪ ಕುವೆಂಪು ಆದರು. ಕೇಳಿ ಕೇಳಿ ನಮಗೆಲ್ಲ ಬಾಯಿಪಾಠ. ಹೋದ ವರ್ಷ ನಾನೂ ಇದನ್ನೇ ಹೇಳಿ ಮೂರನೇ ಬಹುಮಾನ ತಗೊಂಡಿದ್ದೀನಿ, ಸುಳ್ಳು ಯಾಕೆ.

ಬಹುಮಾನದ ಮೇಲೆ ಜೂನಿಯರ್ ಒಬ್ಬಳು ಕೇಳಿದಳು, "ಸೀನಿಯರ್, ಆ ಜೇಮ್ಸ್ ಕಸಿನ್ಸ್ ಇಂಡಿಯಾಕ್ಕೆ ಯಾಕೆ ಬಂದಿದ್ರು?" ನನಗೆ ಗೊತ್ತಿರಲಿಲ್ಲ. ಹುಡುಕಿದೆ. ಹುಡುಕುತ್ತಾ ಹೋದಂತೆ ಜೇಮ್ಸ್ ಹಿಂದಕ್ಕೆ ಸರಿದು ಅವರ ಹೆಂಡತಿ ಮುಂದಕ್ಕೆ ಬಂದರು. ಈ ಲೇಖನ ಅವರ ಬಗ್ಗೆ.

ಮಾರ್ಗರೆಟ್ ಕಸಿನ್ಸ್. ವೃತ್ತಿಯಿಂದ ಟೀಚರು, ಅದರಲ್ಲೂ ಸಂಗೀತದ ಟೀಚರು. ಹೆಂಗಸರಿಗೆ ಓಟು ಬೇಕು ಅಂತ ಎರಡು ದೇಶಗಳಲ್ಲಿ ಕೆಲಸ ಮಾಡಿದವರು, ಮೂರು ಜೈಲು ಕಂಡವರು. ನಮ್ಮ ಮಂಗಳೂರಿನಲ್ಲಿ ಒಂದು ಹೆಣ್ಣುಮಕ್ಕಳ ಶಾಲೆಗೆ ಮೊದಲ ಮುಖ್ಯೋಪಾಧ್ಯಾಯಿನಿ ಆಗಿದ್ದವರು.

ಹುಟ್ಟಿದ್ದು 1878ರ ನವೆಂಬರ್ 7ರಂದು, ಐರ್ಲೆಂಡಿನ ರಾಸ್‌ಕಾಮನ್ ಜಿಲ್ಲೆಯ ಬಾಯ್ಲ್ ಅನ್ನೋ ಸಣ್ಣ ಊರಿನಲ್ಲಿ. ತವರಿನ ಹೆಸರು ಮಾರ್ಗರೆಟ್ ಗಿಲೆಸ್ಪಿ. ತುಂಬಿದ ಸಂಸಾರ, ಇವಳೇ ಹಿರಿಯವಳು. ಹಿರಿ ಮಗಳು ಅಂದ್ರೆ ಏನು ಅಂತ ನಮ್ಮ ಹಳ್ಳಿ ಕಡೆಯವರಿಗೆ ಬಿಡಿಸಿ ಹೇಳಬೇಕಾಗಿಲ್ಲ, ಅರ್ಧ ತಾಯಿ. ಆದರೂ ಓದಿದಳು. ಡಬ್ಲಿನ್ನಿಗೆ ಹೋಗಿ ಸಂಗೀತ ಕಲಿತು 1902ರಲ್ಲಿ ರಾಯಲ್ ಯೂನಿವರ್ಸಿಟಿ ಆಫ್ ಐರ್ಲೆಂಡಿನಿಂದ ಸಂಗೀತದಲ್ಲಿ ಪದವಿ ಪಡೆದಳು. ಮರುವರ್ಷ ಜೇಮ್ಸ್ ಕಸಿನ್ಸ್ ಜೊತೆ ಮದುವೆ. ಜೇಮ್ಸ್ ಕವಿ, ಇವರು ಪಿಯಾನೊ ಟೀಚರು. ಇಬ್ಬರೂ ಸಸ್ಯಾಹಾರಿಗಳು, ಇಬ್ಬರಿಗೂ ಥಿಯಾಸಫಿ ಕಡೆ ಒಲವು. ನೂರಿಪ್ಪತ್ತು ವರ್ಷದ ಹಿಂದಿನ ಐರ್ಲೆಂಡಿನಲ್ಲಿ ಇಂಥ ಜೋಡಿಯನ್ನು ಅಕ್ಕಪಕ್ಕದವರು ಹೇಗೆ ನೋಡಿರಬಹುದು ಅಂತ ನೀವೇ ಊಹಿಸಿಕೊಳ್ಳಿ.

1908ರಲ್ಲಿ ಮಾರ್ಗರೆಟ್ ಮತ್ತು ಅವರ ಗೆಳತಿ ಹನ್ನಾ ಶೀಹಿ ಸ್ಕೆಫಿಂಗ್ಟನ್ ಸೇರಿ ಐರಿಷ್ ವಿಮೆನ್ಸ್ ಫ್ರಾಂಚೈಸ್ ಲೀಗ್ ಅನ್ನೋ ಸಂಘ ಕಟ್ಟಿದರು. ಹನ್ನಾ ಕೂಡ ಟೀಚರೇ. ಇಲ್ಲಿ ಒಂದು ವಿಷಯ ಗಮನಿಸಿ. ಆಗ ಐರ್ಲೆಂಡು ಬ್ರಿಟಿಷರ ಕೈಕೆಳಗೆ ಇತ್ತು, ನಮ್ಮ ಹಾಗೇ. ಅಲ್ಲಿನ ಗಂಡಸು ನಾಯಕರು ಸ್ವರಾಜ್ಯ ಕೇಳುತ್ತಿದ್ದರು. ಹೆಂಗಸರು ಓಟಿನ ಮಾತೆತ್ತಿದರೆ, "ಮೊದಲು ಸ್ವರಾಜ್ಯ ಬರಲಿ, ನಿಮ್ಮದು ಆಮೇಲೆ ನೋಡೋಣ" ಅನ್ನೋ ಧಾಟಿಯ ಉತ್ತರ. 1912ರಲ್ಲಿ ಐರ್ಲೆಂಡಿನ ಸ್ವರಾಜ್ಯದ ಮಸೂದೆ ಬಂದಾಗ ಅದರಲ್ಲಿ ಹೆಂಗಸರ ಓಟಿಗೆ ಜಾಗವೇ ಇರಲಿಲ್ಲ. "ಆಮೇಲೆ" ಅನ್ನೋ ಪದ ಎಷ್ಟು ಮೋಸದ್ದು ಅಂತ ಪ್ರಾಜೆಕ್ಟ್ ರಿಪೋರ್ಟ್ ಬರೆಯೋ ನಮಗಿಂತ ಚೆನ್ನಾಗಿ ಯಾರಿಗೆ ಗೊತ್ತು?

ಮೊದಮೊದಲು ಇವರದ್ದು ಅರ್ಜಿ, ಸಭೆ, ಭಾಷಣ. ಊರೂರಿಗೆ ಹೋಗಿ ಬಯಲಿನಲ್ಲಿ ನಿಂತು ಮಾತಾಡೋದು. ಅದರಿಂದ ಏನೂ ಆಗಲಿಲ್ಲ. 1910ರ ನವೆಂಬರಿನಲ್ಲಿ ಲಂಡನ್ನಿನ ಪ್ರತಿಭಟನೆಗೆ ಐರ್ಲೆಂಡಿನ ಪ್ರತಿನಿಧಿಯಾಗಿ ಮಾರ್ಗರೆಟ್ ಹೋದರು. ಕಿಟಕಿ ಗಾಜು ಒಡೆದ ಆರೋಪದ ಮೇಲೆ ಒಂದು ತಿಂಗಳು ಹಾಲೊವೇ ಜೈಲಿನಲ್ಲಿ ಇಟ್ಟರು. 1913ರ ಜನವರಿಯಲ್ಲಿ ಮತ್ತೆ, ಈ ಸಲ ಡಬ್ಲಿನ್ ಕೋಟೆಯ ಕಿಟಕಿ. ಡಬ್ಲಿನ್ ಕೋಟೆ ಅಂದ್ರೆ ಬ್ರಿಟಿಷ್ ಆಡಳಿತದ ಕಚೇರಿ, ನಮ್ಮ ವಿಧಾನಸೌಧದ ಗಾಜು ಒಡೆದಂಗೆ. ಟಲ್ಲಮೋರ್ ಜೈಲಿಗೆ ಕಳಿಸಿದರು. ಅಲ್ಲಿ ನಮ್ಮನ್ನು ರಾಜಕೀಯ ಕೈದಿಗಳಂತೆ ನೋಡಿ, ಕಳ್ಳರಂತೆ ಅಲ್ಲ ಅಂತ ಉಪವಾಸ ಕೂತರು, ಗೆದ್ದರು.

ಗಾಜು ಒಡೆಯೋದು ಸರಿಯಾ ಅಂತ ನೀವು ಕೇಳಬಹುದು. ನಮ್ಮ ಹಾಸ್ಟೆಲ್ ರೂಮಿನಲ್ಲಿ ಇದರ ಮೇಲೆ ರಾತ್ರಿ ಒಂದೂವರೆವರೆಗೆ ವಾದ ನಡೆಯಿತು, ಇತ್ಯರ್ಥ ಆಗಲಿಲ್ಲ. ನನ್ನ ಅಭಿಪ್ರಾಯ ಇಷ್ಟೇ. ಅವರು ಮನುಷ್ಯರ ಮೇಲೆ ಕೈ ಮಾಡಲಿಲ್ಲ, ಒಡೆದು ಓಡಿಹೋಗಲಿಲ್ಲ, ನಿಂತು ಶಿಕ್ಷೆ ತಗೊಂಡರು. ಅದನ್ನೂ ಲೆಕ್ಕಕ್ಕೆ ಇಟ್ಟುಕೊಂಡು ಮಾತಾಡಬೇಕು.

1915ರ ಕೊನೆಗೆ ಗಂಡ ಹೆಂಡತಿ ಇಂಡಿಯಾಕ್ಕೆ ಬಂದರು. ಕರೆಸಿಕೊಂಡವರು ಆನಿ ಬೆಸಂಟ್. ಜೇಮ್ಸ್‌ಗೆ ಮದ್ರಾಸಿನಲ್ಲಿ ಬೆಸಂಟರ 'ನ್ಯೂ ಇಂಡಿಯಾ' ಪತ್ರಿಕೆಯಲ್ಲಿ ಕೆಲಸ. ಆದರೆ 1916ರಲ್ಲಿ ಡಬ್ಲಿನ್ನಿನಲ್ಲಿ ಬ್ರಿಟಿಷರ ವಿರುದ್ಧ ದಂಗೆ ಆದಾಗ ಜೇಮ್ಸ್ ಅದರ ಪರವಾಗಿ ಬರೆದರು, ಕೆಲಸ ಹೋಯಿತು. ಆಮೇಲೆ ಮದನಪಲ್ಲಿಯ ಥಿಯಾಸಫಿಕಲ್ ಕಾಲೇಜಿಗೆ ಮೇಷ್ಟ್ರಾಗಿ ಹೋದರು. ಮದನಪಲ್ಲಿ ಇರೋದು ನಮ್ಮ ಕೋಲಾರ ಜಿಲ್ಲೆಯ ಗಡಿ ದಾಟಿದರೆ ಸಿಗೋ ಆಂಧ್ರದ ಊರು. ಜೂನಿಯರ್ ಕೇಳಿದ ಪ್ರಶ್ನೆಗೆ ಉತ್ತರ ಇಲ್ಲಿ ಸಿಕ್ಕಿತು.

ಮದನಪಲ್ಲಿ ಹೆಸರು ಬಂದ ಮೇಲೆ ಒಂದು ವಾಟ್ಸಾಪ್ ವಿಷಯ ಸರಿಮಾಡಿಬಿಡ್ತೀನಿ. ಪ್ರತಿ ಆಗಸ್ಟ್ 15ಕ್ಕೆ "ನಮ್ಮ ರಾಷ್ಟ್ರಗೀತೆಗೆ ರಾಗ ಹಾಕಿದ್ದು ಐರಿಷ್ ಮಹಿಳೆ" ಅಂತ ಫಾರ್ವರ್ಡ್ ಬರುತ್ತೆ. ಅಷ್ಟು ಹೇಳಿದರೆ ಅತಿಯಾಯಿತು. 1919ರ ಫೆಬ್ರವರಿಯಲ್ಲಿ ಠಾಗೂರರು ಮದನಪಲ್ಲಿಗೆ ಬಂದು ಕೆಲವು ದಿನ ಇದ್ದರು. ಅಲ್ಲಿ ತಮ್ಮ ಹಾಡನ್ನು ಹಾಡಿ ತೋರಿಸಿದರು, ಇಂಗ್ಲಿಷಿಗೂ ಅನುವಾದ ಮಾಡಿಕೊಟ್ಟರು. ಸಂಗೀತ ಪದವೀಧರೆ ಮಾರ್ಗರೆಟ್ ಆ ಹಾಡನ್ನು ಪಾಶ್ಚಾತ್ಯ ಪದ್ಧತಿಯ ಸ್ವರಲಿಪಿಯಲ್ಲಿ ಬರೆದಿಟ್ಟರು. ಹಾಡು 1911ರಲ್ಲೇ ಕಲ್ಕತ್ತದಲ್ಲಿ ಹಾಡಿ ಆಗಿತ್ತು, ಧಾಟಿ ಠಾಗೂರರದೇ. ಬಾಯಲ್ಲಿ ಇದ್ದದ್ದನ್ನು ಕಾಗದಕ್ಕೆ ಇಳಿಸಿದ್ದು ಇವರ ಕೆಲಸ. ಅದೇನೂ ಸಣ್ಣ ಕೆಲಸ ಅಲ್ಲ, ಡಾಕ್ಯುಮೆಂಟೇಶನ್ ಮಾಡಿದವರಿಗೆ ಗೊತ್ತು.

ಈಗ ಮುಖ್ಯ ವಿಷಯಕ್ಕೆ ಬರೋಣ. 1917ರಲ್ಲಿ ಮದ್ರಾಸಿನ ಅಡ್ಯಾರಿನಲ್ಲಿ ವಿಮೆನ್ಸ್ ಇಂಡಿಯನ್ ಅಸೋಸಿಯೇಷನ್ ಶುರುವಾಯಿತು. ಬೆಸಂಟ್ ಅಧ್ಯಕ್ಷೆ. ಡೊರೊಥಿ ಜಿನರಾಜದಾಸ, ಮಾರ್ಗರೆಟ್ ಮುಂತಾದವರು ಓಡಾಡಿ ಕಟ್ಟಿದರು. 'ಸ್ತ್ರೀಧರ್ಮ' ಅಂತ ಪತ್ರಿಕೆಯನ್ನೂ ತಂದರು. ಅದೇ ವರ್ಷ ಬ್ರಿಟನ್ನಿನಿಂದ ಭಾರತ ಸಚಿವ ಮಾಂಟೆಗು ಬಂದರು. ವೈಸರಾಯ್ ಚೆಲ್ಮ್ಸ್‌ಫರ್ಡ್ ಜೊತೆ ದೇಶ ಸುತ್ತಿ, ಮುಂದಿನ ಸುಧಾರಣೆ ಹೇಗಿರಬೇಕು ಅಂತ ಜನರ ಮನವಿ ಕೇಳುತ್ತಿದ್ದರು.

ಇಲ್ಲಿ ನಡೆದದ್ದು ನನಗೆ ಇಡೀ ಕಥೆಯಲ್ಲಿ ಬಹಳ ಇಷ್ಟವಾದ ಭಾಗ. ಮಾರ್ಗರೆಟ್ ಮೊದಲು ಅರ್ಜಿ ಹಾಕಿದ್ದು ಓಟಿಗಾಗಿ ಅಲ್ಲ. ಹೆಣ್ಣುಮಕ್ಕಳ ಶಿಕ್ಷಣ, ಆರೋಗ್ಯ, ಇಂಥ ವಿಷಯ ಮಾತಾಡೋಕೆ ಹೆಂಗಸರ ನಿಯೋಗಕ್ಕೆ ಸಮಯ ಕೊಡಿ ಅಂತ. ಉತ್ತರ ಬಂತು: ರಾಜಕೀಯ ಸುಧಾರಣೆಗೆ ಸಂಬಂಧಪಟ್ಟ ನಿಯೋಗಗಳನ್ನು ಮಾತ್ರ ಭೇಟಿ ಮಾಡ್ತೇವೆ. ಬೇರೆ ಯಾರಾದರೂ ಆಗಿದ್ದರೆ ಆಯ್ತು ಬಿಡಿ ಅಂತ ಸುಮ್ಮನಾಗುತ್ತಿದ್ದರು. ಇವರು ಹಾಗೆ ಮಾಡಲಿಲ್ಲ. ರಾಜಕೀಯ ತಾನೇ ಬೇಕು, ಸರಿ, ಹಾಗಾದರೆ ಓಟಿನ ಹಕ್ಕನ್ನೇ ಕೇಳೋಣ ಅಂತ ಮನವಿಯಲ್ಲಿ ಅದನ್ನು ಸೇರಿಸಿದರು. ಹೊಸ ಕಾನೂನಿನಲ್ಲಿ 'ಜನ' ಅಂತ ಬರೆಯುವ ಕಡೆಯೆಲ್ಲ ಹೆಂಗಸರನ್ನೂ ಜನ ಅಂತಲೇ ಎಣಿಸಬೇಕು, ಇದು ಕೇಳಿಕೆಯ ತಿರುಳು. ಬಾಗಿಲು ಹಾಕೋಕೆ ಅಂತ ಮಾಡಿದ ನಿಯಮವನ್ನೇ ಬೀಗದ ಕೈ ಮಾಡಿಕೊಂಡರು.

1917ರ ಡಿಸೆಂಬರ್ 18ರಂದು ಮದ್ರಾಸಿನಲ್ಲಿ ಸರೋಜಿನಿ ನಾಯ್ಡು ಮುಂದಾಳಾಗಿ ಹೆಂಗಸರ ನಿಯೋಗ ಮಾಂಟೆಗು ಅವರನ್ನು ಕಂಡಿತು. ಭಾರತದಲ್ಲಿ ಹೆಂಗಸರು ಓಟಿನ ಹಕ್ಕನ್ನು ಸರ್ಕಾರದ ಮುಂದೆ ಅಧಿಕೃತವಾಗಿ ಇಟ್ಟ ಮೊದಲ ದಿನ ಅದು.

ಕೇಳಿದ ಕೂಡಲೇ ಸಿಕ್ಕಿತಾ? ಇಲ್ಲ. ಯಾರ್ಯಾರಿಗೆ ಓಟು ಕೊಡಬೇಕು ಅಂತ ತೀರ್ಮಾನಿಸೋಕೆ ಸೌತ್‌ಬರೋ ಸಮಿತಿ ಬಂತು. ದೇಶ ಸುತ್ತಿ, ಇಲ್ಲಿನ ಸಾಮಾಜಿಕ ಪರಿಸ್ಥಿತಿಗೆ ಹೆಂಗಸರ ಓಟು ಈಗಲೇ ಬೇಡ ಅಂತ ವರದಿ ಕೊಟ್ಟಿತು. ಸರೋಜಿನಿ ನಾಯ್ಡು, ಬೆಸಂಟ್ 1919ರಲ್ಲಿ ಲಂಡನ್ನಿಗೇ ಹೋಗಿ ವಾದಿಸಿದರು. ಕೊನೆಗೆ ಬ್ರಿಟಿಷ್ ಪಾರ್ಲಿಮೆಂಟು ಜವಾಬ್ದಾರಿ ಜಾರಿಸಿಕೊಂಡಿತು. ನಾವು ಕೊಡಲ್ಲ, ಆದರೆ ಒಂದೊಂದು ಪ್ರಾಂತ್ಯದ ಶಾಸನಸಭೆ ಬೇಕಾದರೆ ತಾನೇ ನಿರ್ಣಯ ಮಾಡಿ ಹೆಂಗಸರ ಮೇಲಿನ ನಿಷೇಧ ತೆಗೆಯಬಹುದು ಅಂತ 1919ರ ಕಾಯ್ದೆಯಲ್ಲಿ ದಾರಿ ಬಿಟ್ಟಿತು. ಇವರು ಆ ದಾರಿಯನ್ನೇ ಹಿಡಿದರು. ಪ್ರಾಂತ್ಯ ಪ್ರಾಂತ್ಯಕ್ಕೆ ಸಭೆ, ಸದಸ್ಯರಿಗೆ ಪತ್ರ, ಪತ್ರಿಕೆಗಳಲ್ಲಿ ಲೇಖನ. 1921ರಲ್ಲಿ ಮದ್ರಾಸ್ ಮೊದಲು ಒಪ್ಪಿತು, ಅದೇ ವರ್ಷ ಮುಂಬಯಿ. ಅಂದರೆ ಮಂಗಳೂರು, ಬಳ್ಳಾರಿ, ಧಾರವಾಡ, ಬೆಳಗಾವಿ ಕಡೆಯ ಕನ್ನಡದ ಹೆಂಗಸರೂ ಇದರೊಳಗೆ ಬಂದರು. ನಮ್ಮ ಮೈಸೂರು ಸಂಸ್ಥಾನ ಬ್ರಿಟಿಷರ ಪ್ರಾಂತ್ಯ ಅಲ್ಲ, ಅಲ್ಲಿ 1881ರಿಂದಲೇ ಪ್ರಜಾಪ್ರತಿನಿಧಿ ಸಭೆ ಇತ್ತು. 1920ರ ದಶಕದ ಆರಂಭದ ಸುಧಾರಣೆಗಳಲ್ಲಿ ಇಲ್ಲೂ ಹೆಂಗಸರಿಗಿದ್ದ ಅಡ್ಡಿ ಹೋಯಿತು.

ಆದರೆ ಒಂದು ಕೊಕ್ಕೆ ಇದೆ. ಡಿಜಿಟಲ್ ಎಲೆಕ್ಟ್ರಾನಿಕ್ಸ್ ಓದಿದವರಿಗೆ ಬೇಗ ಅರ್ಥ ಆಗುತ್ತೆ. ಓಟು ಅನ್ನೋದು ಆಗ ಒಂದು ಆಂಡ್ ಗೇಟು. ಒಂದು ಇನ್‌ಪುಟ್ಟು 'ಗಂಡಸಾಗಿರಬೇಕು'. ಇನ್ನೊಂದು 'ಆಸ್ತಿ ಇರಬೇಕು, ಇಲ್ಲ ಇಷ್ಟು ತೆರಿಗೆ ಕಟ್ಟುತ್ತಿರಬೇಕು'. 1921ರಲ್ಲಿ ತೆಗೆದದ್ದು ಮೊದಲನೆಯದನ್ನು ಮಾತ್ರ. ಎರಡನೆಯದು ಹಾಗೇ ಉಳೀತು. ಹೆಂಗಸಿನ ಹೆಸರಲ್ಲಿ ಹೊಲ, ಮನೆ, ಕಂದಾಯ ಎಷ್ಟು ಕಡೆ ಇತ್ತು? ಹಾಗಾಗಿ ಔಟ್‌ಪುಟ್ಟು ನೋಡಿದರೆ ವಯಸ್ಕ ಹೆಂಗಸರಲ್ಲಿ ಶೇಕಡ 1ರ ಆಸುಪಾಸು ಜನಕ್ಕೆ ಮಾತ್ರ ಓಟು ಬಂತು. ಗಂಡಸರಲ್ಲೂ ಬಡವನಿಗೆ ಇರಲಿಲ್ಲ ಅನ್ನೋದನ್ನು ಮರೆಯಬೇಡಿ.

ಇದನ್ನು ನಾನು ಒತ್ತಿ ಹೇಳೋಕೆ ಕಾರಣ ಇದೆ. ನಮ್ಮದು ನಾಗಮಂಗಲ ತಾಲ್ಲೂಕು ಹೊಣಕೆರೆ ಹೋಬಳಿ. ಕಾಲುವೆ ನೀರಿನ ಮಂಡ್ಯ ಬೇರೆ, ನಮ್ಮ ಮಂಡ್ಯ ಬೇರೆ. ನಮ್ಮದು ರಾಗಿ, ಹುರುಳಿ, ಒಂದಷ್ಟು ತೆಂಗು, ಮಳೆ ಬಂದರೆ ಬೆಳೆ. ನಮ್ಮಜ್ಜಿಯ ಅಜ್ಜಿ ಕಾಲಕ್ಕೆ ಈ ಲೆಕ್ಕ ಹಾಕಿದರೆ ನಮ್ಮ ಮನೆಯ ಯಾವ ಹೆಂಗಸೂ ಆ ಶೇಕಡ ಒಂದರೊಳಗೆ ಬರುತ್ತಿರಲಿಲ್ಲ. ಮಾರ್ಗರೆಟ್ ಮತ್ತು ಅವರ ಜೊತೆಯವರು ಮೊದಲು ತೆಗೆಸಿದ ಬಾಗಿಲು ಓದಿದ, ಅನುಕೂಲಸ್ಥ ಮನೆತನದವರಿಗೆ ತೆರೆದದ್ದು. ಇದು ಅವರ ಮೇಲೆ ಇರೋ ಸರಿಯಾದ ಟೀಕೆಯೇ. ಜೊತೆಗೆ ಭಾರತದ ಹೆಂಗಸು ಅಂದರೆ ತ್ಯಾಗಮಯಿ, ದೇವತೆ ಅನ್ನೋ ಥಿಯಾಸಫಿಯವರ ಕಲ್ಪನೆ ಅವರ ಬರವಣಿಗೆಯಲ್ಲೂ ಇದೆ. ಹೊಲದಲ್ಲಿ ಕಳೆ ಕೀಳೋ ಹೆಂಗಸಿಗೆ ದೇವತೆ ಪಟ್ಟ ಕಟ್ಟಿಕೊಂಡು ಏನಾಗಬೇಕು? ಆದರೆ ಆ ಮೊದಲ ಇನ್‌ಪುಟ್ಟು ತೆಗೆಯದೇ ಇದ್ದಿದ್ದರೆ ಎರಡನೆಯದನ್ನು ತೆಗೆದಾಗಲೂ ನಮ್ಮಜ್ಜಿಯಂಥವರು ಹೊರಗೇ ಉಳಿಯುತ್ತಿದ್ದರು. ಎರಡೂ ನಿಜ.

ಈ ಓಡಾಟದ ನಡುವೆಯೇ 1919-20ರಲ್ಲಿ ಮಾರ್ಗರೆಟ್ ಮಂಗಳೂರಿಗೆ ಬಂದದ್ದು, ಅಲ್ಲಿನ ನ್ಯಾಷನಲ್ ಗರ್ಲ್ಸ್ ಸ್ಕೂಲಿನ ಮೊದಲ ಮುಖ್ಯಸ್ಥೆಯಾಗಿ. ಇದ್ದದ್ದು ಸ್ವಲ್ಪ ಕಾಲ. ಆದರೆ ಅವರ ಬದುಕಿಗೂ ಮಂಗಳೂರಿಗೂ ಇರುವ ದೊಡ್ಡ ನಂಟು ಶಾಲೆಯದಲ್ಲ, ಒಂದು ಚುನಾವಣೆಯದು.

ಓಟು ಹಾಕೋದು ಬೇರೆ, ಓಟಿಗೆ ನಿಲ್ಲೋದು ಬೇರೆ. 1921ರಲ್ಲಿ ಸಿಕ್ಕಿದ್ದು ಹಾಕೋ ಹಕ್ಕು ಮಾತ್ರ. ಶಾಸನಸಭೆಗೆ ಹೆಂಗಸರು ಸ್ಪರ್ಧಿಸಬಹುದು ಅಂತ ಆದದ್ದು 1926ರಲ್ಲಿ, ಅದೂ ಮದ್ರಾಸ್ ಚುನಾವಣೆ ಹತ್ತಿರ ಬಂದಾಗ. ಹಕ್ಕು ಬಂತು, ಉಪಯೋಗಿಸೋರು ಯಾರು? ಮಾರ್ಗರೆಟ್ ಕಣ್ಣು ಬಿದ್ದದ್ದು ಕಮಲಾದೇವಿ ಮೇಲೆ.

ಕಮಲಾದೇವಿ ಚಟ್ಟೋಪಾಧ್ಯಾಯ ಅಂದಾಕ್ಷಣ ಬಂಗಾಳಿ ಅಂದುಕೊಳ್ಳಬೇಡಿ, ಅದು ಗಂಡನ ಮನೆ ಹೆಸರು. ಹುಟ್ಟಿದ್ದು 1903ರ ಏಪ್ರಿಲ್ 3ರಂದು ಮಂಗಳೂರಿನಲ್ಲಿ. ತಂದೆ ಅನಂತಯ್ಯ ಧಾರೇಶ್ವರ, ತಾಯಿ ಗಿರಿಜಾಬಾಯಿ. ಚಿಕ್ಕ ವಯಸ್ಸಿನಲ್ಲೇ ಮದುವೆಯಾಗಿ ವಿಧವೆಯಾದ ಹುಡುಗಿ. ಆಮೇಲೆ ಮದ್ರಾಸಿನಲ್ಲಿ ಓದು ಮುಂದುವರಿಸಿ, ಸರೋಜಿನಿ ನಾಯ್ಡು ತಮ್ಮ ಹರೀಂದ್ರನಾಥರನ್ನು ಮದುವೆಯಾದರು. 1926ರಲ್ಲಿ ವಯಸ್ಸು 23. ನಮ್ಮ ಕ್ಯಾಂಪಸ್ಸಿನ ಎಂ.ಟೆಕ್. ಹುಡುಗಿಯರ ವಯಸ್ಸು ಅನ್ನಿ.

ನಿಲ್ಲು ಅಂತ ಒತ್ತಾಯ ಮಾಡಿ ಮಾರ್ಗರೆಟ್ ಅವರನ್ನು ಒಪ್ಪಿಸಿದರು. ಮಂಗಳೂರಿನ ಕಡೆಯಿಂದ ಮದ್ರಾಸ್ ಶಾಸನಸಭೆಗೆ ಪಕ್ಷ ಇಲ್ಲದ ಅಭ್ಯರ್ಥಿ. ಪ್ರಚಾರಕ್ಕೆ ಸಿಕ್ಕಿದ್ದು ಬೆರಳೆಣಿಕೆ ದಿನ. ಹಿಂದೆ ಯಾವ ಹೆಂಗಸೂ ಮಾಡಿರದ ಕೆಲಸ, ಹೇಗೆ ಮಾಡಬೇಕು ಅಂತ ತೋರಿಸೋ ಸೀನಿಯರ್ ಒಬ್ಬರೂ ಇಲ್ಲ. ಐರ್ಲೆಂಡಿನಲ್ಲಿ ಊರೂರು ಸುತ್ತಿ ಭಾಷಣ ಮಾಡಿದ್ದ ಅನುಭವ ಮಾರ್ಗರೆಟ್‌ಗೆ ಈಗ ಉಪಯೋಗಕ್ಕೆ ಬಂತು. ಜೊತೆಗೆ ನಿಂತು ಪ್ರಚಾರ ಮಾಡಿದರು. ಕಮಲಾದೇವಿ ಸೋತರು, ಆದರೆ ಕೂದಲೆಳೆಯಷ್ಟು ಅಂತರದಲ್ಲಿ. ಓಟುದಾರರಲ್ಲಿ ಹೆಚ್ಚುಕಮ್ಮಿ ಎಲ್ಲರೂ ಆಸ್ತಿವಂತ ಗಂಡಸರು ಅನ್ನೋದನ್ನು ನೆನಪಿಟ್ಟುಕೊಂಡು ಈ ಸೋಲನ್ನು ಓದಿ. ಭಾರತದಲ್ಲಿ ಶಾಸನಸಭೆಯ ಚುನಾವಣೆಗೆ ನಿಂತ ಮೊದಲ ಹೆಂಗಸು ಅಂತ ಇವತ್ತೂ ಅವರನ್ನೇ ಹೆಸರಿಸುತ್ತಾರೆ. ಕರಾವಳಿಯ ಗೆಳೆಯರು ಇದನ್ನು ಯಾಕೆ ಇನ್ನೂ ಜೋರಾಗಿ ಹೇಳಿಕೊಳ್ಳಲ್ಲ ಅಂತ ನನಗೆ ಆಶ್ಚರ್ಯ. ಗೋಳಿಬಜೆ ಬಗ್ಗೆ ಹೇಳೋ ಅರ್ಧದಷ್ಟಾದರೂ ಹೇಳಬಹುದು.

ಅದೇ ಹೊತ್ತಿಗೆ ಮಾರ್ಗರೆಟ್ ಇನ್ನೊಂದು ಕೆಲಸ ಹಚ್ಚಿಕೊಂಡಿದ್ದರು. ಬಂಗಾಳದ ಶಿಕ್ಷಣ ಇಲಾಖೆಯ ನಿರ್ದೇಶಕರೊಬ್ಬರು ಕಲ್ಕತ್ತದ ಬೆಥೂನ್ ಕಾಲೇಜಿನಲ್ಲಿ ಮಾತಾಡುತ್ತಾ, ಹೆಣ್ಣುಮಕ್ಕಳಿಗೆ ಎಂಥ ಶಿಕ್ಷಣ ಬೇಕು ಅಂತ ಹೆಂಗಸರೇ ಒಟ್ಟಾಗಿ ಹೇಳಲಿ, ಹೇಳುತ್ತಲೇ ಇರಲಿ ಅಂದಿದ್ದರು. ಮಾರ್ಗರೆಟ್ ಆ ಮಾತನ್ನು ಬಿಡಲಿಲ್ಲ. ದೇಶದ ಉದ್ದಗಲ ಹೆಂಗಸರ ಸಂಘಗಳಿಗೆ ಪತ್ರ ಬರೆದರು. ನಿಮ್ಮ ನಿಮ್ಮ ಕಡೆ ಸಭೆ ಸೇರಿ, ತೀರ್ಮಾನ ಮಾಡಿ, ಆಮೇಲೆ ಪುಣೆಗೆ ಪ್ರತಿನಿಧಿಗಳನ್ನು ಕಳಿಸಿ ಅಂತ. ಹೀಗೆ 1927ರ ಜನವರಿಯಲ್ಲಿ ಪುಣೆಯಲ್ಲಿ ಅಖಿಲ ಭಾರತ ಮಹಿಳಾ ಸಮ್ಮೇಳನ ಹುಟ್ಟಿತು. ಬರೋಡಾದ ಮಹಾರಾಣಿ ಚಿಮಣಾಬಾಯಿ ಮೊದಲ ಅಧ್ಯಕ್ಷೆ. ಸಂಘಟನೆಯ ಕಾರ್ಯದರ್ಶಿಯಾಗಿ ದುಡಿದವರು ನಮ್ಮ ಕಮಲಾದೇವಿ. ಹೆಣ್ಣುಮಕ್ಕಳ ಓದು ಅಂತ ಶುರುವಾದದ್ದು ಬಾಲ್ಯವಿವಾಹಕ್ಕೆ ಬಂದು ನಿಂತಿತು. ಹತ್ತು ವರ್ಷಕ್ಕೆ ಮದುವೆ ಮಾಡಿ ಕಳಿಸಿದರೆ ಹೈಸ್ಕೂಲಿಗೆ ಯಾರು ಬರ್ತಾರೆ? 1929ರ ಶಾರದಾ ಕಾಯ್ದೆ ಹೆಣ್ಣಿನ ಮದುವೆ ವಯಸ್ಸು ಕನಿಷ್ಠ 14 ಅಂತ ಮಾಡುವಾಗ ಈ ಸಮ್ಮೇಳನದವರು ಅದರ ಪರ ದೊಡ್ಡ ಒತ್ತಡ ಹಾಕಿದ್ದರು. ದೆಹಲಿಯ ಲೇಡಿ ಇರ್ವಿನ್ ಕಾಲೇಜು 1932ರಲ್ಲಿ ಶುರುವಾದದ್ದೂ ಇವರ ಪ್ರಯತ್ನದಿಂದ.

ಟೀಚರುಗಳೇ ಯಾಕೆ ಈ ಕೆಲಸಕ್ಕೆ ಇಳಿದರು ಅಂತ ಯೋಚಿಸಿದರೆ, ಇದು ಇಲ್ಲಿ ಮಾತ್ರ ಆದದ್ದಲ್ಲ. ದಕ್ಷಿಣ ಅಮೆರಿಕದಲ್ಲೂ ಇದೇ ಕಥೆ. ಬ್ರೆಜಿಲ್ಲಿನಲ್ಲಿ ಓಟರ್ ಲಿಸ್ಟಿಗೆ ಮೊದಲು ಹೆಸರು ಸೇರಿಸಿಕೊಂಡ ಹೆಂಗಸು ಅಂತ ನೆನೆಯೋದು ಮೊಸೊರೊ ಊರಿನ ಶಾಲಾ ಶಿಕ್ಷಕಿ ಸೆಲೀನಾ ಗಿಮರಾಯಿಸ್ ವಿಯಾನಾ ಅವರನ್ನು, 1927ರಲ್ಲಿ. ಇಡೀ ದೇಶಕ್ಕೆ ಆ ಹಕ್ಕು ಬಂದದ್ದು 1932ರಲ್ಲಿ. ಚಿಲಿಯಲ್ಲಿ ದಶಕಗಟ್ಟಲೆ ಹೋರಾಡಿದ ಅಮಾಂಡಾ ಲಬಾರ್ಕಾ ಶಿಕ್ಷಕಿ. ಅಲ್ಲಿ ಪೂರ್ಣ ಹಕ್ಕು ಬಂದದ್ದು 1949ರಲ್ಲಿ. ಪೆರುವಿನ ಮರೀಯಾ ಹೆಸೂಸ್ ಅಲ್ವರಾಡೊ ಕೂಡ ಶಿಕ್ಷಕಿ, 1924ರಲ್ಲಿ ಜೈಲು ಸೇರಿ ಆಮೇಲೆ ದೇಶ ಬಿಟ್ಟು ಹೋಗಬೇಕಾಯಿತು. ಆ ಕಾಲದಲ್ಲಿ ಓದಿದ ಹೆಂಗಸಿಗೆ ಸಿಗುತ್ತಿದ್ದ ಕೆಲಸವೇ ಟೀಚರ್ ಕೆಲಸ. ಸ್ವಂತ ಸಂಬಳ, ನಾಲ್ಕು ಜನರ ಮುಂದೆ ನಿಂತು ಮಾತಾಡೋ ಅಭ್ಯಾಸ, ಊರಿನ ಎಲ್ಲಾ ಮನೆಯ ಪರಿಚಯ. ಇದರ ಜೊತೆಗೆ ದಿನಾ ಕಣ್ಣೆದುರಿಗೆ, ಚೆನ್ನಾಗಿ ಓದೋ ಹುಡುಗಿ ಮದುವೆಯಾಗಿ ಮಾಯವಾಗೋದು, ಏನೂ ಓದದ ಹುಡುಗ ದೊಡ್ಡವನಾಗಿ ಓಟು ಹಾಕೋದು. ಸಿಟ್ಟು ಬರದೇ ಇರುತ್ತಾ?

ಮಾರ್ಗರೆಟ್ ಮೂರನೇ ಸಲ ಜೈಲಿಗೆ ಹೋದದ್ದು ಇಲ್ಲೇ, 1932ರಲ್ಲಿ. ಸತ್ಯಾಗ್ರಹದ ಕಾಲ, ಸರ್ಕಾರ ಸುಗ್ರೀವಾಜ್ಞೆ ಹಾಕಿ ಸಭೆ, ಭಾಷಣಕ್ಕೆಲ್ಲ ತಡೆ ಒಡ್ಡಿತ್ತು. ಅದರ ವಿರುದ್ಧ ಮದ್ರಾಸಿನಲ್ಲಿ ಬಹಿರಂಗವಾಗಿ ಮಾತಾಡಿದರು. ಮುಚ್ಚಳಿಕೆ ಬರೆದುಕೊಡಲು ಒಪ್ಪಲಿಲ್ಲ. ಒಂದು ವರ್ಷ ವೆಲ್ಲೂರು ಜೈಲು. ಆಗ ವಯಸ್ಸು 54. ಇದೇ ಹೆಂಗಸು ಹತ್ತು ವರ್ಷದ ಹಿಂದೆ ಮದ್ರಾಸಿನಲ್ಲಿ ಗೌರವ ಮ್ಯಾಜಿಸ್ಟ್ರೇಟ್ ಆಗಿ ನೇಮಕಗೊಂಡಿದ್ದರು, ಇಂಡಿಯಾದ ಮೊದಲ ಮಹಿಳಾ ಮ್ಯಾಜಿಸ್ಟ್ರೇಟ್ ಅನ್ನೋ ಹೆಸರೂ ಬಂದಿತ್ತು. ಕಟಕಟೆಯ ಎರಡೂ ಕಡೆ ನಿಂತವರು.

ಹೊರಗೆ ಬಂದ ಮೇಲೆ 1936ರಲ್ಲಿ ಮಹಿಳಾ ಸಮ್ಮೇಳನದ ಅಧ್ಯಕ್ಷೆಯೂ ಆದರು. ಆದರೆ ಆ ಹೊತ್ತಿಗೆ ಭಾರತದ ಹೆಂಗಸರೇ ಮುಂದೆ ನಿಂತಿದ್ದರು, ಇನ್ನು ನಾನು ಮುಂದಾಳಾಗಿ ನಿಲ್ಲೋ ಅಗತ್ಯ ಇಲ್ಲ, ಅವರಿಗೂ ಅದು ಬೇಕಿಲ್ಲ ಅಂತ ಅವರಿಗೇ ಅನಿಸಿತ್ತು, ಪಕ್ಕಕ್ಕೆ ಸರಿದರು. ಇದು ನನಗೆ ಗಾಜು ಒಡೆದದ್ದಕ್ಕಿಂತ ಕಷ್ಟದ ಕೆಲಸ ಅನ್ನಿಸುತ್ತೆ. ನಮ್ಮ ಕ್ಲಬ್ಬುಗಳಲ್ಲಿ ಫೈನಲ್ ಇಯರ್ ಮುಗಿದರೂ ವಾಟ್ಸಾಪ್ ಗ್ರೂಪಿನ ಅಡ್ಮಿನ್ ಪದವಿ ಬಿಡಲ್ಲ. (ಸಂಪಾದಕರೇ, ಇದು ನಿಮಗಲ್ಲ.) 1943ರಲ್ಲಿ ಪಾರ್ಶ್ವವಾಯು ಹೊಡೆದು ಓಡಾಟ ನಿಂತಿತು. 1950ರಲ್ಲಿ ಗಂಡ ಹೆಂಡತಿ ಇಬ್ಬರೂ ಸೇರಿ ಬರೆದ ಆತ್ಮಕಥೆ 'ವಿ ಟೂ ಟುಗೆದರ್' ಹೊರಬಂತು. 1954ರ ಮಾರ್ಚ್ 11ರಂದು ಅಡ್ಯಾರಿನಲ್ಲಿ ತೀರಿಕೊಂಡರು.

ತೀರಿಕೊಳ್ಳೋ ಮೊದಲು ಅವರು ಒಂದು ವಿಷಯ ನೋಡಿದರು. ಆ ಎರಡನೇ ಇನ್‌ಪುಟ್ಟು ಹೋದದ್ದು. 1935ರ ಕಾಯ್ದೆಯಲ್ಲಿ ಸ್ವಲ್ಪ ಸಡಿಲವಾಗಿ ಸುಮಾರು 60 ಲಕ್ಷ ಹೆಂಗಸರಿಗೆ ಓಟು ಬಂದಿತ್ತು. ಅದರಲ್ಲೂ ಎಷ್ಟೋ ಜನಕ್ಕೆ ಬಂದದ್ದು ಇಂಥ ಆಸ್ತಿವಂತನ ಹೆಂಡತಿ ಅನ್ನೋ ಲೆಕ್ಕದಲ್ಲಿ. ಸಂವಿಧಾನ ಬಂದ ಮೇಲೆ 326ನೇ ವಿಧಿ ಎಲ್ಲಾ ವಯಸ್ಕರಿಗೂ ಓಟು ಅಂದಿತು. ಹೊಲ ಇದ್ದವರಿಗೆ, ಇಲ್ಲದವರಿಗೆ, ಓದಿದವರಿಗೆ, ಹೆಬ್ಬೆಟ್ಟಿನವರಿಗೆ. ಸ್ವಿಟ್ಜರ್ಲೆಂಡಿನ ಹೆಂಗಸರಿಗೆ ದೇಶದ ಚುನಾವಣೆಯಲ್ಲಿ ಓಟು ಸಿಕ್ಕಿದ್ದು 1971ರಲ್ಲಿ ಅಂತ ತಿಳಿದಾಗ ನಾನು ಎರಡು ಸಲ ಇಸವಿ ನೋಡಿದೆ.

1951-52ರ ಮೊದಲ ಮಹಾಚುನಾವಣೆಗೆ ಪಟ್ಟಿ ಮಾಡಿದವರು ಸುಕುಮಾರ್ ಸೇನ್ ನೇತೃತ್ವದ ಚುನಾವಣಾ ಆಯೋಗ. ಸುಮಾರು 17 ಕೋಟಿ 30 ಲಕ್ಷ ಹೆಸರು. ಕಂಪ್ಯೂಟರ್ ಇಲ್ಲ, ಎಕ್ಸೆಲ್ ಇಲ್ಲ. ಮನೆ ಮನೆಗೆ ಹೋಗಿ ಕೈಯಲ್ಲಿ ಬರೆದದ್ದು. ಆಗ ವಿಚಿತ್ರ ತೊಂದರೆ ಬಂತು. ಬಹಳ ಹೆಂಗಸರು ಅಪರಿಚಿತ ಗಂಡಸಿಗೆ ತಮ್ಮ ಹೆಸರು ಹೇಳಲಿಲ್ಲ. ಇಂಥವನ ಹೆಂಡತಿ, ಇಂಥವನ ತಾಯಿ ಅಂತ ಬರೆಸಿದರು. ಸೇನ್ ಅದಕ್ಕೆ ಒಪ್ಪಲಿಲ್ಲ, ಓಟು ಬೇಕಾದರೆ ಸ್ವಂತ ಹೆಸರು ಬೇಕು ಅಂದರು. ಸರಿಪಡಿಸೋಕೆ ಸಮಯ ಕೊಟ್ಟ ಮೇಲೂ ಸುಮಾರು 28 ಲಕ್ಷ ಹೆಂಗಸರು ಪಟ್ಟಿಯಿಂದ ಹೊರಗೆ ಉಳಿದರು, ಹೆಚ್ಚಿನವರು ಉತ್ತರದ ರಾಜ್ಯಗಳವರು. 28 ಲಕ್ಷ ಜನರನ್ನು ಬಿಟ್ಟದ್ದು ಸರಿಯಾ ಅಂತ ಕೇಳಿದರೆ ನನಗೂ ಕಷ್ಟವೇ. ಆದರೆ ಆಮೇಲಿನ ಚುನಾವಣೆಗಳಿಗೆ ಹೆಂಗಸರು ಹೆಸರು ಹೇಳಿ ಬರೆಸಿಕೊಂಡರು.

ಈಗ ನನ್ನ ವಿಷಯ. 2024ರ ಏಪ್ರಿಲ್ 26, ಶುಕ್ರವಾರ, ಮಂಡ್ಯದಲ್ಲಿ ಲೋಕಸಭೆ ಚುನಾವಣೆ. ನನ್ನ ಮೊದಲ ಓಟು. ನಾನು ಊರಿಗೆ ಹೋಗಲಿಲ್ಲ. ಇಂಟರ್ನಲ್ಸ್ ಹತ್ತಿರ ಇತ್ತು ಅನ್ನೋದು ನೆಪ. ನಿಜ ಹೇಳಬೇಕಂದ್ರೆ ರೂಮಿನಲ್ಲಿ ಮಲಗಿದ್ದು, ಸಂಜೆ ಕ್ರಿಕೆಟ್ ನೋಡಿದೆ. ಮುಂದಿನ ವಾರ ಊರಿಗೆ ಹೋದಾಗ ಅಜ್ಜಿ ರಾಗಿ ಮುದ್ದೆ ಇಡೋಕೆ ಬಂದವರು ನನ್ನ ಎಡಗೈ ಹಿಡಿದು ನೋಡಿದರು.

"ಯಾಕ್ಲಾ ಮಗ, ಬೆಳ್ಳಲ್ಲಿ ಮಸಿನೇ ಇಲ್ಲ? ಓಟ್ ಹಾಕ್ನಿಲ್ವಾ?"

"ಪರೀಕ್ಷೆ ಇತ್ತಜ್ಜಿ."

"ನಂಗೆ ಮಂಡಿ ನೋವು, ಆದ್ರೂ ಸ್ಕೂಲ್ ತಂಕ ನಡ್ಕೊಂಡ್ ಹೋಗಿದ್ದೆ ಕಣಪ್ಪ." ಅಷ್ಟೇ ಅಂದರು. ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿರುತ್ತಿತ್ತು.

ಮಾರ್ಗರೆಟ್ ಬಗ್ಗೆ ಓದಿದ ಮೇಲೆ ಯುಗಾದಿಗೆ ಹೋದಾಗ ಅಜ್ಜಿಗೆ ಈ ಕಥೆ ಹೇಳಿದೆ. ಗಾಜು ಒಡೆದದ್ದು ಕೇಳಿ ನಕ್ಕರು. ಉಪವಾಸ ಕೂತದ್ದಕ್ಕೆ ತಲೆ ಆಡಿಸಿದರು. ಹೆಂಗಸರು ಹೆಸರು ಹೇಳದೇ ಪಟ್ಟಿಯಿಂದ ಬಿಟ್ಟುಹೋದದ್ದು ಕೇಳಿದಾಗ ಮಾತ್ರ ಸುಮ್ಮನಾದರು. ಆಮೇಲೆ ಹೇಳಿದರು. ಅವರು ಮದುವೆಯಾಗಿ ಬಂದ ಹೊಸದರಲ್ಲಿ ಪಟ್ಟಿ ಬರೆಯೋರು ಬಂದಾಗ ಗಂಡನ ಹೆಸರು ಹೇಳೋಕಾಗದೆ ಒಳಗೆ ಓಡಿಹೋಗಿದ್ದರಂತೆ. ಅವರ ಅತ್ತೆ ಜಗಲಿ ಮೇಲೆ ಕೂತು ಮನೆಯವರ ಹೆಸರೆಲ್ಲ ಬರೆಸಿದರಂತೆ, ಸೊಸೆ ಹೆಸರನ್ನೂ, ತನ್ನ ಹೆಸರನ್ನೂ. "ಆಯಮ್ಮ ಬರ್ಸದೆ ಇದ್ರೆ ನಂದೂ ಇರ್ತಿರ್ಲಿಲ್ಲ ಅನ್ನು," ಅಂದರು. ಆ ಅತ್ತೆಗೆ ಸಹಿ ಹಾಕೋಕೂ ಬರುತ್ತಿರಲಿಲ್ಲ.

ನಮ್ಮ ಹಾಸ್ಟೆಲ್ ವಿಂಗಿನಲ್ಲಿ ನಾನು ಒಂದು ಸುತ್ತು ಕೇಳಿದೆ. ಅರ್ಧಕ್ಕಿಂತ ಹೆಚ್ಚು ಜನರ ಹೆಸರು ಪಟ್ಟಿಯಲ್ಲೇ ಇಲ್ಲ, ಇದ್ದವರಲ್ಲೂ ಕೆಲವರಿಗೆ ಎಲ್ಲಿದೆ ಅಂತ ಗೊತ್ತಿಲ್ಲ. ಗೊತ್ತಿಲ್ಲದವರಿಗೆ ಹೇಳ್ತೀನಿ. ಈಗ 18 ತುಂಬಿದವರು ಜನವರಿ 1ಕ್ಕೇ ಕಾಯಬೇಕಾಗಿಲ್ಲ. ಜನವರಿ 1, ಏಪ್ರಿಲ್ 1, ಜುಲೈ 1, ಅಕ್ಟೋಬರ್ 1, ವರ್ಷಕ್ಕೆ ನಾಲ್ಕು ತಾರೀಖು ಇವೆ. ಹೊಸದಾಗಿ ಸೇರೋಕೆ ನಮೂನೆ 6, ವಿಳಾಸ ಬದಲಿಗೆ ನಮೂನೆ 8. ಆಯೋಗದ ಆ್ಯಪ್‌ನಲ್ಲೇ ಆಗುತ್ತೆ, ಇಲ್ಲದಿದ್ದರೆ ಊರಿನ ಬಿಎಲ್‌ಒ ಹತ್ತಿರ. ಹಾಸ್ಟೆಲ್ಲಿನಲ್ಲಿ ಇರೋರು ಇಲ್ಲಿಯ ವಿಳಾಸಕ್ಕೂ ಹಾಕಿಸಿಕೊಳ್ಳಬಹುದು, ಊರಲ್ಲೂ ಇಟ್ಟುಕೊಳ್ಳಬಹುದು, ಆದರೆ ಎರಡೂ ಕಡೆ ಇಡೋ ಹಾಗಿಲ್ಲ.

ನಾನು ಊರಲ್ಲೇ ಇಟ್ಟುಕೊಂಡಿದ್ದೀನಿ. ಮೊನ್ನೆ ಪಟ್ಟಿ ತೆಗೆದು ನೋಡಿದೆ. ನಮ್ಮ ಮನೆ ನಂಬರಿನ ಕೆಳಗೆ ಅಜ್ಜಿ ಹೆಸರು ಮೊದಲು ಇದೆ. ಅಪ್ಪ, ಅಮ್ಮ, ಚಿಕ್ಕಪ್ಪ ಆದಮೇಲೆ ನನ್ನದು. ನನ್ನ ಫೋಟೊ ಪಿಯುಸಿ ಕಾಲದ್ದು, ನಾನೇ ಅಂತ ಯಾರೂ ನಂಬಲ್ಲ. ಅಜ್ಜಿ ಫೋಟೊ ಮಾತ್ರ ಚೆನ್ನಾಗಿ ಬಂದಿದೆ.